ಚಂದಾ ಎತ್ತಿ ಮಾಡಿದ ಸಿನಿಮಾ

ಮಲಯಾಳದ ನಿರ್ದೇಶಕ ಜಾನ್ ಅಬ್ರಹಾಂ ಸಿನಿಮಾ ಕಲಿಯಲು ಪುಣೆಗೆ ಹೋಗುವ ಮೊದಲು ನಮ್ಮ ಬಳ್ಳಾರಿಯ ಎಲ್‌ಐಸಿಯಲ್ಲಿ ನೌಕರಿ ಮಾಡುತ್ತಿದ್ದರು. ಪಿಎಚ್‌ಡಿ ಓದಿನ ನಡುವೆ ಈ ಸಂಗತಿ ಕಣ್ಣಿಗೆ ಬಿದ್ದಾಗ ನಕ್ಕುಬಿಟ್ಟೆ. ನಮ್ಮಪ್ಪ ಅದೇ ಊರಿನಲ್ಲಿ ಎಲ್‌ಐಸಿ ಏಜೆಂಟ್. ನನ್ನ ಫೆಲೋಶಿಪ್ ಮುಗಿಯಲು ಇನ್ನು ನಾಲ್ಕು ತಿಂಗಳು. ಎಲ್‌ಐಸಿ ಪರೀಕ್ಷೆಗೆ ಅರ್ಜಿ ಹಾಕು ಅಂತ ವಾರಕ್ಕೊಮ್ಮೆಯಾದರೂ ನೆನಪಿಸುತ್ತಾರೆ.

ಜಾನ್ ಬಗ್ಗೆ ಬರೆಯುವವರು ಅವರ ಕುಡಿತ, ಅಲೆದಾಟ, 1987ರ ಮೇ 31ರಂದು ಕೋಯಿಕ್ಕೋಡಿನಲ್ಲಿ ಕಟ್ಟಡದ ಮೇಲಿಂದ ಬಿದ್ದು ತೀರಿಕೊಂಡದ್ದು, ಇಷ್ಟರಲ್ಲೇ ಸುತ್ತುತ್ತಾರೆ. ನನ್ನ ಮೊದಲ ಅಧ್ಯಾಯವೂ ಹಾಗೇ ಇತ್ತು. ಋತ್ವಿಕ್ ಘಟಕ್ ಅವರ ಶಿಷ್ಯ, ಮಣಿ ಕೌಲ್ ಅವರ ‘ಉಸ್ಕಿ ರೋಟಿ’ಗೆ ಸಹಾಯಕ, ನಾಲ್ಕೇ ಕಥಾಚಿತ್ರ. ಅಗ್ರಹಾರದ ಮನೆಗೆ ಕತ್ತೆಮರಿ ತರುವ ಪ್ರೊಫೆಸರನ ಕತೆಯಿರುವ ತಮಿಳಿನ ‘ಅಗ್ರಹಾರತ್ತಿಲ್ ಕಳುದೈ’ಗೆ (1977) ರಾಷ್ಟ್ರಪ್ರಶಸ್ತಿಯೂ ಬಂತು.

ನನ್ನನ್ನು ಹಿಡಿದು ನಿಲ್ಲಿಸಿದ್ದು ಮಾತ್ರ ‘ಒಡೆಸ್ಸಾ’. 1984ರಲ್ಲಿ ಗೆಳೆಯರೊಂದಿಗೆ ಕಟ್ಟಿದ ಈ ಬಳಗ ಹಳ್ಳಿಹಳ್ಳಿಗೆ ಹೋಗಿ, ಚಾಪ್ಲಿನ್‌ನ ‘ದಿ ಕಿಡ್’ ತೋರಿಸಿ, ಜನರಿಂದ ಕೈಲಾದಷ್ಟು ಚಂದಾ ಎತ್ತಿತು. ಆ ದುಡ್ಡಿನಿಂದಲೇ 1986ರಲ್ಲಿ ‘ಅಮ್ಮ ಅರಿಯಾನ್’ ಆಯಿತು. ತಬಲಾ ನುಡಿಸುತ್ತಿದ್ದ ಹರಿ ಎಂಬ ಹುಡುಗ ಸತ್ತಿದ್ದಾನೆ. ಸುದ್ದಿಯನ್ನು ಅವನ ತಾಯಿಗೆ ಮುಟ್ಟಿಸಲು ಪುರುಷನ್ ಎಂಬವನು ಕೊಚ್ಚಿಗೆ ಹೊರಡುತ್ತಾನೆ. ದಾರಿಯುದ್ದಕ್ಕೂ ಹರಿಯ ಗೆಳೆಯರು ಒಬ್ಬೊಬ್ಬರಾಗಿ ಸೇರಿಕೊಳ್ಳುತ್ತಾರೆ. ಚಂದಾ ಎತ್ತಿದ ರೀತಿಯೂ ಇದೇ ಅಲ್ಲವೇ ಅನ್ನಿಸುತ್ತದೆ ನನಗೆ.

‘ನಿರ್ಮಾಪಕನ ಹಂಗಿಲ್ಲದ ಸಿನಿಮಾ’ ಎಂದು ಹೆಮ್ಮೆಯಿಂದ ಬರೆದಿದ್ದೆ. ಹಬ್ಬಕ್ಕೆ ಊರಿಗೆ ಹೋದಾಗ ಅಪ್ಪನಿಗೆ ಇದನ್ನೆಲ್ಲ ಹೇಳಿದೆ. ಎಲ್‌ಐಸಿ ಬಿಟ್ಟವನ ಕತೆಗೆ ಬೈಯುತ್ತಾರೆ ಅಂದುಕೊಂಡಿದ್ದೆ. ಅವರು ಹಿಡಿದದ್ದೇ ಬೇರೆ.

“ಮನಿಮನಿಗೆ ಹೋಗಿ ರೊಕ್ಕ ಕೇಳೋದು ಸುಮ್ನೆ ಅಲ್ಲಪ್ಪ. ಕಣ್ಣಿಗೆ ಕಾಣದಿರೋದಕ್ಕ ಕೊಡ್ರಿ ಅಂತ ಕೇಳಬೇಕು. ಒಮ್ಮೆ ಇಸಕೊಂಡ್ರ ಮುಗೀತು, ಅಷ್ಟೂ ಮಂದಿಗೆ ಉತ್ತರ ಹೇಳಬೇಕು.”

ಮೂವತ್ತು ವರ್ಷ ಸೈಕಲ್ಲು, ಆಮೇಲೆ ಟಿವಿಎಸ್ ತುಳಿದು ಮನೆಮನೆ ತಿರುಗಿದ ಮನುಷ್ಯನ ಮಾತು. ಒಬ್ಬನ ಹಂಗು ತಪ್ಪಿಸಿಕೊಂಡ ಜಾನ್ ಊರೂರ ಹಂಗನ್ನು ತಲೆಯ ಮೇಲೆ ಹೊತ್ತಿದ್ದರು. ಮುಗಿದ ಚಿತ್ರವನ್ನು ಮತ್ತೆ ಜನರ ನಡುವೆಯೇ ಕೊಂಡೊಯ್ದು ತೋರಿಸಿದ್ದು ಆ ಉತ್ತರವೇ ಇರಬೇಕು. ಆ ರಾತ್ರಿ ನನ್ನ ಸಾಲು ಹೊಡೆದುಹಾಕಿದೆ.

ಮರುದಿನ ಲ್ಯಾಪ್‌ಟಾಪಿನಲ್ಲಿ ಚಿತ್ರ ಹಾಕಿದೆ. ಅಪ್ಪ ಅರ್ಧ ಗಂಟೆಗೇ ನಿದ್ದೆಹೋದರು. ಭಾಷೆ ಬಾರದ ಅವ್ವ ಕೊನೆಯವರೆಗೂ ಕೂತಿದ್ದಳು, ನಡುವೆ ಒಮ್ಮೆ ಮಾತ್ರ ಕೇಳಿದಳು, “ಇಷ್ಟು ಮಂದಿ ಹೊಂಟಾರಲ್ಲ, ಆಕಿಗೆ ಹೇಳೋರು ಯಾರು?”

ಅರ್ಜಿಗೆ ಇನ್ನು ಒಂಬತ್ತು ದಿನ ಇದೆ.