ಸಾಲಿನಲ್ಲಿ ನೀಲಿ ಪಾಸ್‌ಪೋರ್ಟು

ಸ್ವಲ್ಪ ಹೊತ್ತು ನೀವು ಅಮೆರಿಕನ್. ವಯಸ್ಸು ಅರವತ್ತಾರು, ಕೆಲಸದಿಂದ ನಿವೃತ್ತಿ ಆಗಿದೆ, ಕೈಯಲ್ಲಿ ನೀಲಿ ಪಾಸ್‌ಪೋರ್ಟು. ಹ್ಯೂಸ್ಟನ್‌ನಿಂದ ಹೊರಟ ವಿಮಾನ ಮೆಕ್ಸಿಕೊದ ಗ್ವಾನಹ್ವಾತೊ ರಾಜ್ಯದ ಬಾಹೀಯೊ ನಿಲ್ದಾಣದಲ್ಲಿ ಈಗಷ್ಟೇ ಇಳಿದಿದೆ. ಇಮಿಗ್ರೇಷನ್ ಸಾಲಿನಲ್ಲಿ ನಿಮ್ಮ ಮುಂದಿರುವವರು ರಜೆಗೆ ಬಂದವರು, ಹಿಂದಿರುವವರು ಅಮ್ಮನ ಮನೆಗೆ ಬಂದವರು. ನೀವೊಬ್ಬರೇ ಇರಲು ಬಂದವರು. ಮುಖ ನೋಡಿದರೆ ಅದು ಗೊತ್ತಾಗುವುದಿಲ್ಲ. ಗೊತ್ತಾಗಬೇಕಾದರೆ ಪಾಸ್‌ಪೋರ್ಟಿನ ಒಳಪುಟದಲ್ಲಿ ಅಂಟಿಸಿರುವ ವೀಸಾ ನೋಡಬೇಕು. ಆ ಪುಟಕ್ಕೆ ಬೆರಳು ಸಿಕ್ಕಿಸಿಕೊಂಡೇ ಒಂದೊಂದು ಹೆಜ್ಜೆ ಮುಂದೆ ಸರಿಯುತ್ತಿದ್ದೀರಿ.

ಗಾಜಿನ ಹಿಂದಿನ ಯುವಕ ತಲೆ ಎತ್ತದೆ ಪಾಸ್‌ಪೋರ್ಟು ತೆಗೆದುಕೊಳ್ಳುತ್ತಾನೆ. ಫೋಟೊ ಇರುವ ಪುಟ ತಿರುವುತ್ತಾನೆ. ಅಮೆರಿಕನ್, ಬಿಳಿ ಕೂದಲು, ಹತ್ತಿ ಅಂಗಿ. ದಿನಕ್ಕೆ ಇಂಥ ಎಷ್ಟು ಮಂದಿಯನ್ನು ನೋಡುತ್ತಾನೋ! ಅವನ ಕೈ ತಾನಾಗಿಯೇ ಮೊಹರಿನತ್ತ ಹೋಗುತ್ತದೆ. ಪ್ರವಾಸಿ, 180 ದಿನ, ಮುಂದಿನವರು ಬನ್ನಿ.

ಇಲ್ಲೇ ನೀವು ಬಾಯಿ ಬಿಡಬೇಕು. "ಕಾನ್‌ಹೆ, ಪೊರ್ ಫಾವೊರ್." ಬದಲಾವಣೆ, ದಯವಿಟ್ಟು. ಮನೆಯಲ್ಲಿ ಕನ್ನಡಿಯ ಮುಂದೆ ಉರು ಹೊಡೆದಿದ್ದ ಮಾತು ಗಂಟಲಲ್ಲಿ ಅರ್ಧ ಸಿಕ್ಕಿಕೊಂಡು ಹೊರಬರುತ್ತದೆ. ಅವನ ಕೈ ನಿಲ್ಲುತ್ತದೆ. ನೀವು ವೀಸಾದ ಪುಟ ತೋರಿಸುತ್ತೀರಿ. ಅವನು ಹುಬ್ಬೇರಿಸಿ ಅದನ್ನು ಓದಿ, ಮೊಹರು ಒತ್ತಿ, ಪೆನ್ನಿನಲ್ಲಿ ಎರಡು ಪದ ಬರೆಯುತ್ತಾನೆ: ಕಾನ್‌ಹೆ, 30 ದಿನ. ಪುಟ ಮುಚ್ಚುವ ಮೊದಲು ಎರಡು ಸಲ ಓದಿಕೊಳ್ಳಿ, ನಾಚಿಕೆಪಡಬೇಡಿ. ಆ ವೀಸಾ ಒಂದೇ ಪ್ರವೇಶಕ್ಕೆ ಲಾಯಕ್ಕು. ಪ್ರವಾಸಿ ಎಂದು ಮೊಹರು ಬಿದ್ದಿದ್ದರೆ ಅದನ್ನು ಸರಿಪಡಿಸುವ ಒದ್ದಾಟವೇ ಬೇರೆ. ಎಷ್ಟೋ ಜನ ದೇಶದ ಹೊರಗೆ ಹೋಗಿ ಮೊದಲಿನಿಂದ ಅರ್ಜಿ ಹಾಕಬೇಕಾಗುತ್ತದೆ. ಕೆಲವು ದೊಡ್ಡ ನಿಲ್ದಾಣಗಳಲ್ಲಿ ಅಮೆರಿಕನ್ನರು ಬಳಸಬಹುದಾದ ಯಂತ್ರದ ಗೇಟುಗಳಿವೆ. ಪಾಸ್‌ಪೋರ್ಟು ಒತ್ತಿದರೆ ಬಾಗಿಲು ತೆರೆಯುತ್ತದೆ, ಬಲು ಸಲೀಸು. ಆದರೆ ಯಂತ್ರ ನಿಮ್ಮನ್ನು ಪ್ರವಾಸಿ ಎಂದೇ ಬರೆದುಕೊಳ್ಳುತ್ತದೆ. ಮನುಷ್ಯ ಕೂತಿರುವ ಕೌಂಟರಿಗೇ ಹೋಗಬೇಕು.

ಅಂದರೆ ಹ್ಯೂಸ್ಟನ್ನಿನ ಮೆಕ್ಸಿಕನ್ ಕಾನ್ಸುಲೇಟ್ ಕೊಟ್ಟಿದ್ದು ವಾಸದ ಹಕ್ಕಲ್ಲ, ಅದನ್ನು ಕೇಳಲು ಒಳಗೆ ಬರುವ ಅನುಮತಿ ಮಾತ್ರ. ಸ್ಯಾನ್ ಮಿಗೆಲ್ ದೆ ಅಯೆಂದೆ ಊರಿನತ್ತ ಹೊರಟ ಕಾರಿನಲ್ಲಿ ಒರಗಿಕೊಂಡು ಕಾನ್ಸುಲೇಟಿಗೆ ಹೋದ ಬೆಳಗನ್ನು ನೆನೆಯುತ್ತೀರಿ. ಕಿಟಕಿಯಾಚೆ ಕಳ್ಳಿಗಿಡ, ಒಣ ಗುಡ್ಡ, ದೂರದಲ್ಲಿ ಕೋಸುಗಡ್ಡೆಯ ಹಸಿರು ಹೊಲ. ಕಾನ್ಸುಲೇಟಿನ ಹೆಣ್ಣುಮಗಳು ನಿಮ್ಮ ಆರು ತಿಂಗಳ ಬ್ಯಾಂಕ್ ಸ್ಟೇಟ್‌ಮೆಂಟನ್ನು ಪೆನ್ಸಿಲ್ ಹಿಡಿದು ಸಾಲುಸಾಲಾಗಿ ನೋಡಿದ್ದರು. ಪ್ರತಿ ತಿಂಗಳೂ ನಿಗದಿತ ಮೊತ್ತ ಬಂದಿದೆಯೇ? ಐದು ತಿಂಗಳು ಬಂದು ಒಂದು ತಿಂಗಳು ಕಡಿಮೆಯಾದರೆ ಸಾಲದು.

ಈ ಮೊತ್ತದ ಲೆಕ್ಕದಲ್ಲಿ ಒಂದು ತಮಾಷೆ ಇದೆ. ಅದು ಡಾಲರಿನಲ್ಲಿ ನಿಗದಿಯಾದದ್ದಲ್ಲ. ತಾತ್ಕಾಲಿಕ ನಿವಾಸಿಯಾಗಲು ತಿಂಗಳ ಆದಾಯ ಮೆಕ್ಸಿಕೊದ 300 ದಿನಗಳ ಕನಿಷ್ಠ ಕೂಲಿಯಷ್ಟಿರಬೇಕು. ಇಲ್ಲವೇ 5,000 ದಿನಗಳ ಕೂಲಿಯಷ್ಟು ಉಳಿತಾಯ ಒಂದು ವರ್ಷದಿಂದ ಖಾತೆಯಲ್ಲಿರಬೇಕು. 2018ರಲ್ಲಿ ದಿನದ ಕನಿಷ್ಠ ಕೂಲಿ 88.36 ಪೆಸೊ. ಮುನ್ನೂರರಿಂದ ಗುಣಿಸಿದರೆ ಆಗಿನ ದರದಲ್ಲಿ ಸುಮಾರು 1,400 ಡಾಲರ್. ಸಾಧಾರಣ ಪಿಂಚಣಿದಾರ ಕಣ್ಣು ಮುಚ್ಚಿ ಅರ್ಜಿ ಹಾಕುತ್ತಿದ್ದ. ಆ ವರ್ಷದ ಡಿಸೆಂಬರಿನಲ್ಲಿ ಅಧಿಕಾರಕ್ಕೆ ಬಂದ ಲೋಪೆಸ್ ಒಬ್ರಡೋರ್ ಸರ್ಕಾರ ವರ್ಷ ವರ್ಷವೂ ಕೂಲಿ ಏರಿಸುತ್ತ ಹೋಯಿತು. 2025ರ ಹೊತ್ತಿಗೆ ಅದು 278.80 ಪೆಸೊ. ಈಗ ಗುಣಿಸಿ: 83,640 ಪೆಸೊ, ನಾಲ್ಕು ಸಾವಿರ ಡಾಲರಿಗೂ ಮೇಲೆ. ಅಮೆರಿಕದಲ್ಲಿ ನಿವೃತ್ತರಿಗೆ ಸೋಷಿಯಲ್ ಸೆಕ್ಯುರಿಟಿಯಿಂದ ಸರಾಸರಿ ಬರುವುದು ತಿಂಗಳಿಗೆ ಎರಡು ಸಾವಿರದ ಆಸುಪಾಸು. ಮೆಕ್ಸಿಕೊದ ಗಾರೆ ಕೆಲಸದವನ ಕೂಲಿ ಏರಿದಂತೆ ಅವನ ಪಕ್ಕದ ಬೀದಿಯಲ್ಲಿ ಮನೆ ಮಾಡಬೇಕೆಂದಿದ್ದ ಅಮೆರಿಕನ್ನನಿಗೆ ಬಾಗಿಲು ಎತ್ತರವಾಯಿತು. ನನಗಂತೂ ಇದರಲ್ಲಿ ಅನ್ಯಾಯವೇನೂ ಕಾಣಿಸಲಿಲ್ಲ.

ಸ್ಯಾನ್ ಮಿಗೆಲ್ ಬಂತು. 1,900 ಮೀಟರ್ ಎತ್ತರದ ಊರು, ಕಲ್ಲು ಹಾಸಿದ ಇಕ್ಕಟ್ಟು ಬೀದಿಗಳು, ಕಾವಿ ಕೆಂಪಿನ ಗೋಡೆಗಳು. ನಡುವಿನ ಉದ್ಯಾನದಲ್ಲಿ ಪೆಟ್ಟಿಗೆಯಂತೆ ಕತ್ತರಿಸಿ ನಿಲ್ಲಿಸಿದ ಮರಗಳು. ಇಲ್ಲಿಯವರು ಅವನ್ನು 'ಭಾರತದ ಲಾರೆಲ್' ಎನ್ನುತ್ತಾರೆ. ನಮ್ಮ ಆಲ, ಅತ್ತಿಗಳ ಕುಲದ್ದೇ ಮರ. ಅದರ ನೆರಳಿನ ಕಬ್ಬಿಣದ ಬೆಂಚಿನಲ್ಲಿ ಕೂತರೆ ಎದುರಿಗೆ ಗುಲಾಬಿ ಕಲ್ಲಿನ ಚರ್ಚು, ಸುತ್ತ ನಿಮ್ಮದೇ ಇಂಗ್ಲಿಷು.

ಈ ಇಂಗ್ಲಿಷು ಇಲ್ಲಿಗೆ ಬಂದ ಕಥೆ 1937ರಿಂದ ಶುರು. ಆ ವರ್ಷ ಷಿಕಾಗೊ ಕಡೆಯ ಕಲಾವಿದ ಸ್ಟರ್ಲಿಂಗ್ ಡಿಕಿನ್ಸನ್ ಬಂದು ನೆಲೆಸಿದ, ಕಲಾಶಾಲೆ ನಡೆಸಲು ನಿಂತ. ಎರಡನೇ ಮಹಾಯುದ್ಧ ಮುಗಿದ ಮೇಲೆ ಮಾಜಿ ಸೈನಿಕರ ಓದಿನ ಖರ್ಚನ್ನು ಅಮೆರಿಕ ಸರ್ಕಾರವೇ ಕೊಡತೊಡಗಿತು. ಆ ಹಣದಲ್ಲಿ ಇಲ್ಲಿ ಚಿತ್ರ ಕಲಿಯುತ್ತ ಅಗ್ಗದಲ್ಲಿ ಬದುಕಬಹುದೆಂದು ಹುಡುಗರು ದಂಡುಗಟ್ಟಿ ಬಂದರು. 1948ರಲ್ಲಿ 'ಲೈಫ್' ಪತ್ರಿಕೆ ಇವರ ಸುಖದ ಬಗ್ಗೆ ಚಿತ್ರಲೇಖನ ಮಾಡಿದ್ದೇ ತಡ, ಇನ್ನಷ್ಟು ಜನ ಬಂದರು. ಆದರೆ 1950ರ ಆಗಸ್ಟಿನಲ್ಲಿ ಸರಿಯಾದ ಪರವಾನಗಿಯಿಲ್ಲದೆ ಕೆಲಸ ಮಾಡುತ್ತಿದ್ದಾರೆಂಬ ಕಾರಣ ಕೊಟ್ಟು ಮೆಕ್ಸಿಕೊ ಸರ್ಕಾರ ಡಿಕಿನ್ಸನ್‌ನನ್ನೂ ಜೊತೆಯ ಅಮೆರಿಕನ್ ಶಿಕ್ಷಕರನ್ನೂ ಗಡಿಯಾಚೆ ಅಟ್ಟಿತು. ಊರಿಗೇ ಹೆಸರು ತಂದವನೂ ಕಾಗದ ಸರಿಯಿಲ್ಲದಿದ್ದರೆ ಅಷ್ಟೆ. ಆತ ಆಮೇಲೆ ವಾಪಸು ಬಂದ. 1998ರಲ್ಲಿ ಸಾಯುವವರೆಗೂ ಇಲ್ಲೇ ಇದ್ದ. ನಿಮ್ಮ ಜೇಬಿನ ಮೊಹರಿಗೆ ಇನ್ನು 29 ದಿನ, ಅಷ್ಟರೊಳಗೆ ವೀಸಾಕ್ಕೆ ಬದಲಾಗಿ ವಾಸದ ಕಾರ್ಡು ಕೇಳಬೇಕು.

ವಲಸೆ ಇಲಾಖೆಯ ಕಚೇರಿ. ಬೆಳಗ್ಗೆ ಬಾಗಿಲು ತೆರೆಯುವ ಮೊದಲೇ ಫುಟ್‌ಪಾತಿನಲ್ಲಿ ಸಾಲು. ಕೈಯಲ್ಲಿ ಕಡತ: ಅರ್ಜಿ, ಪಾಸ್‌ಪೋರ್ಟಿನ ಜೆರಾಕ್ಸು, ಬ್ಯಾಂಕಿನಲ್ಲಿ ಶುಲ್ಕ ಕಟ್ಟಿದ ರಸೀದಿ. ಒಂದು ವರ್ಷದ ಕಾರ್ಡಿನ ಶುಲ್ಕ 2026ರಿಂದ ಹತ್ತಿರ ಹತ್ತಿರ ದುಪ್ಪಟ್ಟಾಗಿ 11,000 ಪೆಸೊ ದಾಟಿದೆ. ನಿಮ್ಮ ಮುಂದೆ ಒಬ್ಬ ಏಜೆಂಟ್ ಏಳೆಂಟು ಪಾಸ್‌ಪೋರ್ಟುಗಳನ್ನು ರಬ್ಬರ್ ಬ್ಯಾಂಡಿನಲ್ಲಿ ಕಟ್ಟಿ ಹಿಡಿದಿದ್ದಾನೆ. ಕಾವಲುಗಾರ ಅವನ ಹೆಗಲು ತಟ್ಟುತ್ತಾನೆ. (ಒಂದು ಕ್ಷಣ ಮತ್ತೆ ಕನ್ನಡಿಗರಾಗಿ: ಚೆನ್ನೈನ ಅಮೆರಿಕನ್ ಕಾನ್ಸುಲೇಟಿನ ಮುಂದೆ ಕಡತ ಎದೆಗೆ ಅವುಚಿಕೊಂಡು ನಿಂತ ನಮ್ಮ ಹುಡುಗ ಹುಡುಗಿಯರನ್ನು ನೆನೆಸಿಕೊಂಡು ಸಣ್ಣಗೆ ನಕ್ಕುಬಿಡಿ. ಆಯಿತು, ಮತ್ತೆ ಅಮೆರಿಕನ್.)

ಸಾಲಿನಲ್ಲಿ ಮಾತು ತಾನಾಗಿ ಹುಟ್ಟುತ್ತದೆ. ಟೆಕ್ಸಾಸಿನ ಹೆಂಗಸಿಗೆ ಎರಡನೇ ಸುತ್ತು. ಮೊದಲ ಕಾರ್ಡಿಗೆ ಒಂದೇ ವರ್ಷದ ಆಯುಷ್ಯ. ಮುಗಿಯುವ ಮುನ್ನಿನ 30 ದಿನಗಳಲ್ಲಿ ನವೀಕರಿಸಿದರೆ ಮೂರು ವರ್ಷಗಳವರೆಗಿನದು ಸಿಗುತ್ತದೆ, ನಾಲ್ಕು ವರ್ಷ ತುಂಬಿದ ಮೇಲೆ ಕಾಯಂ. ಕಾಯಂ ಆದರೆ ಅಮೆರಿಕದ ನಂಬರಿನ ಕಾರು ಇಟ್ಟುಕೊಳ್ಳುವಂತಿಲ್ಲ ಎಂಬುದೇ ಅವರ ಚಿಂತೆ. ಹಳೆಯ ಟೊಯೊಟಾ ಮೇಲೆ ಪ್ರೀತಿ. ಹಿಂದಿನಿಂದ ಒಬ್ಬ ಮುದುಕ ಕೇಳುತ್ತಾನೆ, "ಮೆಡಿಕೇರ್ ಇಲ್ಲಿ ನಡೆಯುತ್ತದಾ?" ನಡೆಯುವುದಿಲ್ಲ. ಪಿಂಚಣಿ ಬರುತ್ತದೆ, ಆಸ್ಪತ್ರೆ ಖರ್ಚು ಬರುವುದಿಲ್ಲ. "ಹಾಗಾದರೆ ಟ್ಯಾಕ್ಸಾದರೂ ತಪ್ಪುತ್ತದಾ?" ಅದೂ ಇಲ್ಲ. ಎಲ್ಲಿದ್ದರೂ ಪ್ರಜೆಯ ಆದಾಯದ ಲೆಕ್ಕ ಕೇಳುವ ದೇಶ ಅಮೆರಿಕ. ಹೊರದೇಶದ ಖಾತೆಗಳಲ್ಲಿ ಒಟ್ಟು 10,000 ಡಾಲರ್ ದಾಟಿದರೆ ಅದನ್ನೂ ತಿಳಿಸಬೇಕು. ಮುದುಕ ಟೋಪಿ ತೆಗೆದು ತಲೆ ಕೆರೆದುಕೊಳ್ಳುತ್ತಾನೆ. ಅವನಿಗೆ ಸಮುದ್ರ ದಂಡೆಯಲ್ಲಿ ಮನೆ ಕೊಳ್ಳುವ ಆಸೆ ಬೇರೆ. ಕರಾವಳಿಯಿಂದ 50 ಕಿಲೋಮೀಟರ್, ಗಡಿಯಿಂದ 100 ಕಿಲೋಮೀಟರ್ ಒಳಗೆ ವಿದೇಶಿಯ ಹೆಸರಿಗೆ ನೇರವಾಗಿ ಮನೆ ಆಗುವುದಿಲ್ಲ, ಬ್ಯಾಂಕಿನ ಟ್ರಸ್ಟ್ ಮೂಲಕ ಆಗಬೇಕು ಎಂದು ಯಾರೂ ಅವನಿಗೆ ಇನ್ನೂ ಹೇಳಿಲ್ಲ. ನೀವೂ ಹೇಳುವುದಿಲ್ಲ, ಏಕೆಂದರೆ ನಿಮ್ಮ ಹೆಸರು ಕೂಗಿದರು.

ಒಳಗೆ ಸಣ್ಣ ಕೋಣೆ. ಕನ್ನಡಕ ತೆಗೆಯಿರಿ. ಕೂದಲು ಹಿಂದಕ್ಕೆ, ಕಿವಿ ಕಾಣಬೇಕು. ನಗಬೇಡಿ. ಕ್ಯಾಮೆರಾ ಮಿಂಚುತ್ತದೆ. ಇನ್ನು ಬೆರಳು. ಬಲಗೈಯ ನಾಲ್ಕು, ಎಡಗೈಯ ನಾಲ್ಕು, ಆಮೇಲೆ ಎರಡು ಹೆಬ್ಬೆಟ್ಟು. ನಲವತ್ತು ವರ್ಷ ದುಡಿದ ಬೆರಳಿನ ಗೆರೆ ಸವೆದಿದೆ. ಯಂತ್ರ ಪೀಂ ಎಂದು ತಿರಸ್ಕರಿಸುತ್ತದೆ. ಗುಮಾಸ್ತೆ ಒದ್ದೆ ಟಿಶ್ಯೂ ಕೊಡುತ್ತಾಳೆ. ಮತ್ತೆ ಒತ್ತಿ. ಅವಳು ತನ್ನ ಬೆರಳನ್ನು ನಿಮ್ಮ ಬೆರಳಿನ ಮೇಲಿಟ್ಟು ಮೆಲ್ಲಗೆ ಅದುಮುತ್ತಾಳೆ. ಹಸಿರು ದೀಪ. ಜಗತ್ತಿನಲ್ಲಿ ಬೇಕಾದಲ್ಲಿಗೆ ನೀಲಿ ಪುಸ್ತಕ ತೋರಿಸಿ ನುಗ್ಗಿ ಅಭ್ಯಾಸವಿದ್ದ ನಿಮಗೆ ಆ ಅದುಮು ವಿಚಿತ್ರವೆನಿಸುತ್ತದೆ.

"ಎರಡನೆಯ ಮನೆತನದ ಹೆಸರು, ಸೆನ್ಯೋರ್?"

ಇಲ್ಲವೆನ್ನುತ್ತೀರಿ. ಇಲ್ಲಿಯವರಿಗೆ ಅಪ್ಪನ ಕಡೆಯದೊಂದು, ಅಮ್ಮನ ಕಡೆಯದೊಂದು. ನಿಮಗಿರುವುದು ತಾತನ ನೆನಪಿಗೆ ಇಟ್ಟ ನಡುಹೆಸರು. ಗುಮಾಸ್ತೆ ಅದನ್ನೇ ಮನೆತನದ ಹೆಸರೆಂದು ಟೈಪು ಮಾಡಿದ್ದಾಳೆ. ಪರದೆಯನ್ನು ನಿಮ್ಮತ್ತ ತಿರುಗಿಸುತ್ತಾಳೆ: ಸರಿಯಾ? ಇಲ್ಲೇ ಹೇಳಿಬಿಡಿ. ಕಾರ್ಡು ಅಚ್ಚಾದರೆ ಅದೇ ಹೆಸರಿನ ಮೇಲೆ 18 ಅಕ್ಷರ-ಅಂಕಿಗಳ ಗುರುತಿನ ಸಂಖ್ಯೆ ಹುಟ್ಟುತ್ತದೆ. ಬ್ಯಾಂಕು, ಕರೆಂಟು, ಮೊಬೈಲು ಎಲ್ಲ ಅದರ ಬೆನ್ನು ಹತ್ತುತ್ತವೆ, ಪಾಸ್‌ಪೋರ್ಟಿಗೂ ಅದಕ್ಕೂ ತಾಳೆಯಾಗದೆ ವರ್ಷಗಟ್ಟಲೆ ಅಲೆಯಬೇಕಾಗುತ್ತದೆ. ಅವಳು ಬೇಸರಿಸದೆ ಅಳಿಸಿ, ತಿದ್ದಿ, ಸಹಿ ಹಾಕಿಸಿಕೊಳ್ಳುತ್ತಾಳೆ.

ಪ್ಲಾಸ್ಟಿಕ್ ಕಾರ್ಡು ಯಂತ್ರದಿಂದ ಬೆಚ್ಚಗೆ ಹೊರಬರುತ್ತದೆ. ಅದನ್ನು ಕೈಗೆ ಕೊಡುತ್ತ ಅವಳು ಉರು ಹೊಡೆದ ಮಾತುಗಳನ್ನು ಒಂದೇ ಉಸಿರಿಗೆ ಹೇಳುತ್ತಾಳೆ: ಇಲ್ಲಿ ಸಂಬಳದ ಕೆಲಸ ಮಾಡಬೇಕಾದರೆ ಬೇರೆ ಅನುಮತಿ, ದೇಶದ ರಾಜಕೀಯದಲ್ಲಿ ತಲೆ ಹಾಕುವಂತಿಲ್ಲ, ಮನೆ ಬದಲಿಸಿದರೆ 90 ದಿನಗಳೊಳಗೆ ಬಂದು ತಿಳಿಸಬೇಕು. ತಲೆಯಾಡಿಸುತ್ತೀರಿ. ಈಗಿರುವುದು ಬಾಡಿಗೆಯ ಕೋಣೆ, ಬರುವ ತಿಂಗಳೇ ಖಾಲಿ ಮಾಡಬೇಕು.