ಸತ್ತ ಮ್ಯಾಲೆ ಕೊಡು

ನಾಗರಪಂಚಮಿಗೆ ಅವ್ವ ಹಾಲೆರೆಯುವ ಹಾವು ಮಣ್ಣಿನದು. ನಾನು ಸಾಕಿದ ಹಾವು ಅಪ್ಪನ ಅಂಗಿಯ ಕಿಸೆಯಲ್ಲಿತ್ತು, ನೋಕಿಯಾ 1100 ಎಂಬ ಮೊಬೈಲಿನೊಳಗೆ.

2013ರ ಮಾತು. ನಾನಾಗ ಮುಂಬಯಿಯ ಒಂದು ಕನ್ನಡ ಶಾಲೆಯಲ್ಲಿ ಮೂರನೇ ಇಯತ್ತೆ. ಆ ಫೋನು ಪೇಟೆಗೆ ಬಂದದ್ದು 2003ರಲ್ಲಿ. ಅಪ್ಪನ ಕೈ ಸೇರುವ ಮೊದಲು ಎಷ್ಟು ಕೈ ದಾಟಿತ್ತೋ ಯಾರಿಗೆ ಗೊತ್ತು! ನೆತ್ತಿಯ ಮೇಲೊಂದು ಟಾರ್ಚು, ಧೂಳು ಒಳಗೆ ಹೋಗದ ರಬ್ಬರಿನ ಗುಂಡಿಗಳು. ಜಗತ್ತಿನಲ್ಲಿ ಅಂಥವು ಸುಮಾರು 25 ಕೋಟಿ ಮಾರಾಟವಾದವಂತೆ.

ಆಟದಲ್ಲಿ ಇದ್ದದ್ದಾದರೂ ಏನು? ಹಸಿರು ಬೆಳಕಿನ ಪರದೆ, ಕಪ್ಪು ಚುಕ್ಕೆಗಳ ಒಂದು ಹಾವು. 2 ಒತ್ತಿದರೆ ಮೇಲೆ, 8 ಒತ್ತಿದರೆ ಕೆಳಗೆ, 4 ಎಡಕ್ಕೆ, 6 ಬಲಕ್ಕೆ. ತಿಂದಷ್ಟೂ ಉದ್ದವಾಗುತ್ತದೆ, ಕೊನೆಗೆ ತನ್ನ ಮೈಯನ್ನೇ ತಾನು ಕಚ್ಚಿ ಸಾಯುತ್ತದೆ. ನೋಕಿಯಾದ ಮೊದಲ ಹಾವನ್ನು 1997ರಲ್ಲಿ 6110 ಎಂಬ ಫೋನಿಗಾಗಿ ಮಾಡಿದವರು ಫಿನ್‌ಲೆಂಡಿನ ತಾನೆಲಿ ಅರ್ಮಾಂಟೋ. ಇದೆಲ್ಲ ನಾನು ಈಚೆಗೆ ಓದಿ ತಿಳಿದದ್ದು. ಆಗ ಗೊತ್ತಿದ್ದದ್ದು ಇಷ್ಟೇ: ಮೇಷ್ಟ್ರು ಕಲಿಸುವ ಮೊದಲೇ ನಾನು ಓದಿದ ಇಂಗ್ಲಿಷು 'ಗೇಮ್ ಓವರ್'.

ಅಪ್ಪನದು ವೈರಿಂಗ್ ಕೆಲಸ. ಗುತ್ತಿಗೆದಾರ ಬೆಳಿಗ್ಗೆ ಫೋನು ಮಾಡಿ ಕರೆದರೆ ಆ ದಿನ ಪಗಾರ, ಇಲ್ಲವಾದರೆ ಇಲ್ಲ. ಒಂದು ರಾತ್ರಿ ಚಾದರದೊಳಗೆ ಹೊಕ್ಕು ಆಡುತ್ತಿದ್ದೆ. ಹಾವು ಪರದೆಯ ತುಂಬ ಬೆಳೆದಿತ್ತು. ಬ್ಯಾಟರಿಯ ಗೆರೆ ಒಂದೇ ಉಳಿದದ್ದು ಕಂಡಿತ್ತು, ಆದರೆ ಬಿಡಲಾಗಲಿಲ್ಲ. ಹಾವಿಗಿಂತ ಮೊದಲು ಫೋನೇ ಸತ್ತಿತು. ಮೆಲ್ಲಗೆ ಅದನ್ನು ಅಪ್ಪನ ಕಿಸೆಗೆ ಸೇರಿಸಿ ಮಲಗಿಬಿಟ್ಟೆ. ಬೆಳಿಗ್ಗೆ ಅಪ್ಪ ಅದನ್ನು ಚಾರ್ಜಿಗೆ ಹಚ್ಚಿ ಗುತ್ತಿಗೆದಾರನಿಗೆ ಫೋನು ಮಾಡುವಷ್ಟರಲ್ಲಿ ಅವನು ಬೇರೆಯವರನ್ನು ಕರೆದುಕೊಂಡು ಹೋಗಿದ್ದ.

ಏಟು ಬೀಳುತ್ತದೆಂದು ಮೂಲೆಯಲ್ಲಿ ಮುದುಡಿ ನಿಂತೆ. ಅಪ್ಪ ಹೊಡೆಯಲಿಲ್ಲ. ಕಿಸೆಯಲ್ಲಿದ್ದ ಚಿಲ್ಲರೆ ಎಣಿಸುತ್ತ ಹೇಳಿದ:

"ನಿನ್ನ ಹಾವಿನ ಹೊಟ್ಟಿ ತುಂಬಿತೇನಪಾ? ಇನ್ನ ನಮ್ಮ ಹೊಟ್ಟಿದು ನೋಡೂಣು."

ಅವ್ವ ನಕ್ಕಳು. ನನಗೆ ನಗು ಬರಲಿಲ್ಲ. ಮೂರು ದಿನ ಆ ಫೋನಿನ ಕಡೆ ಮುಖ ಹಾಕಲಿಲ್ಲ. ನಾಲ್ಕನೆಯ ಸಂಜೆ ಅಪ್ಪನೇ ತಂದು ಕೈಯಲ್ಲಿಟ್ಟ. "ಚಾರ್ಜ್ ತುಂಬೇತಿ. ಒಂದ ಸಲ ಆಡು, ಸತ್ತ ಮ್ಯಾಲೆ ಕೊಡು."

ಅಂದಿನಿಂದ ಅದೇ ನಮ್ಮ ಮನೆಯ ಕಾಯಿದೆ. ಹಾವು ಸಾಯುತ್ತಿತ್ತು, ನಾನು ಫೋನು ಕೊಡುತ್ತಿದ್ದೆ. ತಕರಾರಿಲ್ಲ. ಸತ್ತದ್ದು ನನ್ನ ತಪ್ಪಿನಿಂದಲೇ ಎಂದು ನನಗೂ ಗೊತ್ತಿರುತ್ತಿತ್ತಲ್ಲ!

ಈಗ ನನ್ನ ಫೋನಿನಲ್ಲಿ ಹತ್ತಾರು ಬಣ್ಣದ ಆಟಗಳಿವೆ. ಸತ್ತರೆ ಒಂದು ಜಾಹೀರಾತು ನೋಡು, ಮತ್ತೆ ಜೀವ. ದುಡ್ಡು ಕೊಡು, ಇನ್ನೂ ಮೂರು ಜೀವ. ಕಾಮರ್ಸ್ ಓದುವವನಿಗೆ ಈ ಲೆಕ್ಕ ತಿಳಿಯದ್ದೇನಲ್ಲ: ಆಟ ಮುಗಿದರೆ ಅವರ ಅಂಗಡಿಯೇ ಬಂದ್. ಗೊತ್ತಿದ್ದೂ ಪರೀಕ್ಷೆಯ ಹಿಂದಿನ ರಾತ್ರಿ ಎರಡು ಗಂಟೆಯವರೆಗೆ ಆಡಿದ್ದೇನೆ. ಆಗ ಬ್ಯಾಟರಿಯೂ ಸಾಯಲಿಲ್ಲ. ಚಾರ್ಜರು ಹಚ್ಚೇ ಇತ್ತು.

ಮೊನ್ನೆ ತಂಗಿ ಫೋನು ಕೇಳಿದಳು. ಅಪ್ಪನ ಗತ್ತಿನಲ್ಲೇ ಹೇಳಿದೆ: "ಒಂದ ಸಲ ಆಡು, ಸತ್ತ ಮ್ಯಾಲೆ ಕೊಡು."

ಅರ್ಧ ಗಂಟೆಯ ಮೇಲೆ ಹೋಗಿ ಕೈ ಚಾಚಿದರೆ ಅವಳು ತಲೆ ಎತ್ತದೆಯೇ ಅಂದಳು:

"ತಡಿಯೋ ಅಣ್ಣಾ, ಇದರಾಗ ಸಾಯೂದ ಇಲ್ಲ."