ಷಡ್ಡಕರ ಎರಡು ವರ್ಷ

ನನಗೂ ನನ್ನ ಷಡ್ಡಕರಿಗೂ ವಯಸ್ಸಿನಲ್ಲಿ ಇಪ್ಪತ್ತೇ ದಿನಗಳ ಅಂತರ. ಅವರು 1949ರ ಸೆಪ್ಟೆಂಬರ್ ಮೊದಲ ವಾರದಲ್ಲಿ ಹುಟ್ಟಿದವರು. ನಾನು ಆ ವರ್ಷದ ನವರಾತ್ರಿಯಲ್ಲಿ. ಆದರೆ ಶಾಲೆಗೆ ಸೇರಿಸಿಕೊಂಡ ಮೇಷ್ಟ್ರು, ಊರಿನ ಎಲ್ಲ ಮಕ್ಕಳಿಗೂ ಮಾಡಿದಂತೆ, ನನಗೂ ಜೂನ್ 1 ಎಂದು ಬರೆದುಬಿಟ್ಟರು. ತಿಂಗಳ ಮೊದಲ ದಿನ ಹುಟ್ಟಿದವನು ಹಿಂದಿನ ತಿಂಗಳ ಕೊನೆಯ ದಿನವೇ ನಿವೃತ್ತನಾಗಬೇಕೆಂಬುದು ನಿಯಮ. ಹೀಗಾಗಿ ತಾಲ್ಲೂಕು ಕಛೇರಿಯಲ್ಲಿ ಶಿರಸ್ತೆದಾರನಾಗಿದ್ದ ನಾನು 58 ತುಂಬಿತೆಂದು 2007ರ ಮೇ 31ರಂದು ಹಾರ ಹಾಕಿಸಿಕೊಂಡು ಮನೆಗೆ ಬಂದೆ. ನನಗಿಂತ ಹಿರಿಯರಾದ ಷಡ್ಡಕರು ರೈಲ್ವೆಯವರು. 2009ರ ಸೆಪ್ಟೆಂಬರ್ 30ರವರೆಗೆ ದುಡಿದರು. ಇಪ್ಪತ್ತೆಂಟು ತಿಂಗಳು!

ಕೇಂದ್ರ ಸರ್ಕಾರವು 1962ರಲ್ಲಿ 55 ಇದ್ದುದನ್ನು 58ಕ್ಕೂ, 1998ರಲ್ಲಿ 60ಕ್ಕೂ ಏರಿಸಿತು. ರಾಜ್ಯದ ನೌಕರರ ವಿಷಯ ರಾಜ್ಯದ ಕೈಯಲ್ಲಿ. ಸಂವಿಧಾನವೇ ಹಾಗೆ ಹೇಳುತ್ತದೆ. ಸಂವಿಧಾನಕ್ಕೆ ನನ್ನ ಆಕ್ಷೇಪವಿಲ್ಲ. ಆದರೆ ನನ್ನ ಕಣ್ಣಿಗೆ 58ಕ್ಕೇ ಮಂಜು ಕವಿಯುವುದೆಂದೂ, ಅವರ ಕಣ್ಣು 60ರವರೆಗೆ ನಿರ್ಮಲವಾಗಿರುವುದೆಂದೂ ಯಾವ ವೈದ್ಯ ಬರೆದುಕೊಟ್ಟಿದ್ದ? ಇಬ್ಬರೂ ಕೊಳ್ಳುತ್ತಿದ್ದುದು ಒಂದೇ ಅಂಗಡಿಯ ಅಕ್ಕಿ.

ಆಗ ನಮ್ಮಲ್ಲಿ ಪೂರ್ಣ ಪಿಂಚಣಿಗೆ 33 ವರ್ಷದ ಸೇವೆ ಬೇಕಿತ್ತು. ತಡವಾಗಿ ಕೆಲಸಕ್ಕೆ ಸೇರಿದ ನನಗೆ ಅಷ್ಟು ತುಂಬಿರಲಿಲ್ಲ. ಕೆಲಸದ ಮೇಲಿದ್ದಾಗಲೇ ಮಗಳ ಮದುವೆ ಮುಗಿಸಬೇಕೆಂಬ ಆಸೆಯೂ ಈಡೇರಲಿಲ್ಲ. ನಾದಿನಿ ಬಂದಾಗಲೆಲ್ಲ, "ಅಕ್ಕಾ, ಇವರಿಗಿನ್ನೂ ಸರ್ವೀಸಿದೆ, ಭಾವ ಪುಣ್ಯವಂತರು, ಆರಾಮವಾಗಿದ್ದಾರೆ," ಎನ್ನುವಳು. ಆಕೆ ಹೋದ ಮೇಲೆ ಅಡುಗೆಮನೆಯಲ್ಲಿ ಪಾತ್ರೆಗಳ ಸದ್ದು ಸ್ವಲ್ಪ ಜೋರಾಗುತ್ತಿತ್ತು.

2008ರಲ್ಲಿ ಕರ್ನಾಟಕವೂ ನಿವೃತ್ತಿಯ ವಯಸ್ಸನ್ನು 60ಕ್ಕೆ ಏರಿಸಿತು. ಪತ್ರಿಕೆ ಓದಿ ನಾನು ಮಂಕಾಗಿ ಕುಳಿತೆ. ಮೇಷ್ಟ್ರು ನನ್ನನ್ನು ಒಂದೆರಡು ವರ್ಷ ಚಿಕ್ಕವನನ್ನಾಗಿ ಬರೆದಿದ್ದರೆ! ಎದುರಿಗೆ ನೋಡಿದರೆ ಮಗನ ಮುಖ ನನಗಿಂತಲೂ ಮಂಕಾಗಿತ್ತು. ಅವನು ಪ್ರಥಮ ದರ್ಜೆ ಸಹಾಯಕರ ಪರೀಕ್ಷೆಗೆ ಓದುತ್ತಿದ್ದ ಹುಡುಗ.

"ಇನ್ನೆರಡು ವರ್ಷ ಯಾರೂ ಕುರ್ಚಿ ಬಿಡುವುದಿಲ್ಲವಲ್ಲ, ಅಪ್ಪಾ," ಎಂದ.

ನನಗೆ ಉತ್ತರ ಹೊಳೆಯಲಿಲ್ಲ. ನಾನು ಕಳೆದುಕೊಂಡೆನೆಂದು ಕೊರಗುತ್ತಿದ್ದ ಎರಡು ವರ್ಷವನ್ನು ಅವನ ಪ್ರಾಯದ ಯಾವನೋ ಹುಡುಗ ಪಡೆದಿರಬೇಕೆಂದು ಅದುವರೆಗೆ ನಾನು ಯೋಚಿಸಿರಲೇ ಇಲ್ಲ. ಆದರೂ ವಾಚಕ ಮಹಾಶಯರೇ, ತಾರತಮ್ಯ ತಾರತಮ್ಯವೇ. 58 ಸಾಕೆಂದರೆ ಇಬ್ಬರಿಗೂ ಸಾಕು; 60 ಬೇಕೆಂದರೆ ಇಬ್ಬರಿಗೂ ಬೇಕು. ದೇಶದಲ್ಲಂತೂ ಈ ಲೆಕ್ಕ ಒಂದಾಗಲಿಲ್ಲ: ಕೇರಳ 2012ರಲ್ಲಿ 55ನ್ನು 56 ಮಾಡಿತು, ಆಂಧ್ರಪ್ರದೇಶ 2022ರಲ್ಲಿ 62ಕ್ಕೆ ಹೋಯಿತು. ಮಗನಿಗೆ ಕೆಲಸ ಸಿಕ್ಕಿತು, ತಡವಾಗಿ. 2006ರ ಏಪ್ರಿಲ್ ನಂತರ ಸೇರಿದವನಾದ್ದರಿಂದ ನನಗಿದ್ದ ಹಳೆಯ ಪಿಂಚಣಿ ಅವನಿಗಿರಲಿಲ್ಲ. ಆ ಕಥೆ ಬೇರೆ.

2009ರ ಅಕ್ಟೋಬರ್ 1ರ ಬೆಳಗ್ಗೆ ಹತ್ತು ಗಂಟೆಗೆ ಷಡ್ಡಕರು ಇಸ್ತ್ರಿ ಮಾಡಿದ ಷರಟು ತೊಟ್ಟು, ಕೊಡೆ ಹಿಡಿದು ನಮ್ಮ ಬಾಗಿಲಲ್ಲಿ ನಿಂತಿದ್ದರು.

"ಭಾವ, ಹತ್ತಾಯಿತು. ಈಗ ಎಲ್ಲಿಗೆ ಹೋಗುವುದು?"

ಈ ಒಂದು ಇಲಾಖೆಯಲ್ಲಿ ನಾನು ಅವರಿಗಿಂತ ಇಪ್ಪತ್ತೆಂಟು ತಿಂಗಳು ಹಿರಿಯ. ಚಪ್ಪಲಿ ಮೆಟ್ಟಿಕೊಂಡು ಹೊರಟೆ. ಪಾರ್ಕಿನಲ್ಲಿ ಯಾವ ಬೆಂಚಿಗೆ ಎಷ್ಟು ಹೊತ್ತಿಗೆ ನೆರಳು ಬರುವುದೆಂದು ತೋರಿಸಬೇಕಾಗಿತ್ತು.